ಹದಿನೈದು ಅಡಿ

ಎಪ್ಪತ್ತನಾಲ್ಕರ ಅಕ್ಟೋಬರ್. ನಾರ್ತ್ ಡಕೋಟಾ.
ಸೇಂಟ್ ಬೊಟಾಲ್ಫ್ ಕಾಲೇಜಿನ ಡೀನು ಅವಳಿಗೆ ಕೊಟ್ಟದ್ದು
ಒಂದು ಬೀಗದಕೈ, ಆರು ಚೆಂಡು (ಎರಡರಲ್ಲಿ ಗಾಳಿ ನಿಲ್ಲದು),
ಮತ್ತು ರಾತ್ರಿ ಒಂಬತ್ತರ ಮೇಲೆ ಜಿಮ್ಮು,
ಕುಸ್ತಿಯ ಹುಡುಗರು ಚಾಪೆ ಸುತ್ತಿಟ್ಟು ಹೋದ ಮೇಲೆ.
ಸಂಬಳದ ಕಾಗದದಲ್ಲಿ ಹುದ್ದೆ: ಈಜು ಶಿಕ್ಷಕಿ.
ಕಾಲೇಜಿಗೆ ಈಜುಕೊಳ ಇರಲಿಲ್ಲ.

ಆರ್ಡಿಸ್ ಸೋಲ್‌ಬರ್ಗ್. ಇಪ್ಪತ್ತಾರು ವರ್ಷ.
ನನ್ನ ಕನ್ನಡದ ಕಿವಿಗೆ ಹೆಸರಿನಲ್ಲೇ ಸೋಲು;
ಅವಳ ಅಜ್ಜಂದಿರ ನಾರ್ವೆಯ ಮಾತಲ್ಲಿ ಅದು ಬಿಸಿಲಬೆಟ್ಟವಂತೆ.
ಮೊದಲ ವರ್ಷ ಹದಿನಾರು ಆಟ, ಎರಡು ಗೆಲುವು.
ನನ್ನ ಕಿವಿಯೇ ಸರಿ.

ವ್ಯಾನು ಅವಳೇ ಓಡಿಸುವಳು, ಹಿಮದಲ್ಲಿ, ಚಕ್ರಕ್ಕೆ ಸರಪಣಿ ಬಿಗಿದು,
ಒಂಬತ್ತು ಹುಡುಗಿಯರು, ಒಂದು ಚೀಲ ಬ್ರೆಡ್ಡು, ಒಂದೇ ಚಾಕು.
ಆಟ ಮುಗಿದ ರಾತ್ರಿ ಜರ್ಸಿಗಳನ್ನು ಮನೆಗೆ ಒಯ್ದು ಒಗೆದು
ಅಡುಗೆಮನೆಯ ಹಗ್ಗಕ್ಕೆ ಹಾಕುವಳು.
ಬೆಳಿಗ್ಗೆ ಕಾಫಿಯ ಹೊತ್ತಿಗೆ ತಲೆಯ ಮೇಲೆ
ನಾಲ್ಕು, ಹನ್ನೊಂದು, ಇಪ್ಪತ್ತಮೂರು
ಕೈಕಾಲಿಲ್ಲದೆ ಹಾಜರಿ ಹೇಳುತ್ತಿದ್ದವು.

ಪಾಠ ಒಂದೇ. ಗೆರೆಯಿಂದ ಹದಿನೈದು ಅಡಿ.
"ಇಡೀ ಆಟದಲ್ಲಿ ನಿನ್ನನ್ನು ನಿನ್ನ ಪಾಡಿಗೆ ಬಿಡುವುದು ಇಲ್ಲೊಂದೇ ಕಡೆ.
ಅದಕ್ಕೇ ಇಲ್ಲಿ ಭಯ."
ಮೊಣಕಾಲು ಮಡಿಸು. ಉಸಿರು ಬಿಡು. ಮಣಿಕಟ್ಟು ಬಾಗಲಿ,
ಮೇಲಿನ ಗೂಡಿನ ಡಬ್ಬಿಗೆ ಕದ್ದು ಕೈಹಾಕಿದ ಹಾಗೆ.
ದಿನಕ್ಕೆ ನೂರು. ನೂರಾಗದೆ ದೀಪ ಆರಿಸುವಂತಿಲ್ಲ.

ಎಂಬತ್ತೆಂಟರ ಮಾರ್ಚ್. ಫೈನಲ್ಲು.
ಒಂದು ಅಂಕ ಹಿಂದೆ, ಗಡಿಯಾರದಲ್ಲಿ ಸೊನ್ನೆ, ಎರಡು ಎಸೆತ ಬಾಕಿ.
ಗೆರೆಯ ಮೇಲೆ ಒಬ್ಬಳೇ, ಕ್ಲೆಮೆನ್ಸ್ ಪೊಯಿತ್ರಾ,
ಟರ್ಟಲ್ ಮೌಂಟನ್ ಕಡೆಯ ಹುಡುಗಿ.
ಮೊದಲನೆಯದು ಕಬ್ಬಿಣಕ್ಕೆ ಬಡಿದು ಆಚೆ.
ಎರಡನೆಯದು ಬಳೆಯ ಅಂಚಲ್ಲಿ ಸುತ್ತಿತು, ಮತ್ತೆ ಸುತ್ತಿತು,
ಅಂಗಡಿಯ ಹೊಸ್ತಿಲಲ್ಲಿ ಹಳೆಯ ಸಾಲಗಾರ
ಒಳಗೆ ಹೋಗಲೋ ಬೇಡವೋ ಎಂದು ನಿಂತ ಹಾಗೆ,
ಆಚೆಗೇ ಬಿತ್ತು.

ಆರ್ಡಿಸ್ ಓಡಲಿಲ್ಲ, ನಡೆದಳು.
ಪಕ್ಕದಲ್ಲಿ ನಿಂತು, ತಾನೂ ಆ ಬಳೆಯನ್ನೇ ನೋಡುತ್ತ, ಏನೋ ಹೇಳಿದಳು.
ಏನಂದಿರಿ, ಎಂದು ಪತ್ರಿಕೆಯವನು.
"ವ್ಯಾನು ತಣ್ಣಗಿರುತ್ತೆ, ಕೋಟು ಹಾಕಿಕೋ ಅಂದೆ."

ಗೆದ್ದವ ಸೋತ, ಸೋತವ ಸತ್ತ: ಕೋರ್ಟಿನ ಬಗ್ಗೆ ನಮ್ಮ ಕಡೆಯ ಗಾದೆ.
ಇದೂ ಕೋರ್ಟೇ.
ಆದರೆ ಇಲ್ಲಿ ಸತ್ತವರು ಸೋಮವಾರ ಸಂಜೆ ಐದಕ್ಕೆ
ಲೇಸು ಬಿಗಿದುಕೊಂಡು ಬರಬೇಕು.

ತೊಂಬತ್ತೊಂದರಲ್ಲಿ ದೊಡ್ಡ ವಿಶ್ವವಿದ್ಯಾಲಯ ಕರೆಯಿತು.
ಹೋದಳು.
(ಹೋಗಲಿಲ್ಲ ಎಂದು ಬರೆದಿದ್ದರೆ ಪದ್ಯ ಚಂದ ಕಾಣುತ್ತಿತ್ತು.)
ಎರಡು ಋತು, ಮೂವತ್ತೆಂಟು ಸೋಲು.
ಕಾರು ನಿಲ್ಲಿಸುವ ಜಾಗದಿಂದ ಹೆಸರಿನ ಹಲಗೆ ಕಿತ್ತ ಮೇಲೆ
ಅವಳಿಗೆ ತಿಳಿಸಿದರು.
ಮರಳಿದಾಗ ಹಳೆಯ ಕುರ್ಚಿಯಲ್ಲಿ ಡಾಗ್ನಿ ರುಸ್ಟನ್,
ಅಡುಗೆಮನೆಯ ಹಗ್ಗದ ಆ ಇಪ್ಪತ್ತಮೂರು.
ಎದ್ದು ಜಾಗ ಬಿಡಲು ಹೋದಳು ಡಾಗ್ನಿ.
"ಕೂತ್ಕೋ" ಎಂದು ಪಕ್ಕದ ಮಡಚು ಕುರ್ಚಿ ಎಳೆದುಕೊಂಡಳು ಆರ್ಡಿಸ್.
ಹದಿಮೂರು ವರ್ಷ ಅದರಲ್ಲೇ. ನೀರಿನ ಬಾಟಲಿ, ಟವೆಲು, ಐಸು.
ಎಡಗೈ ಹುಡುಗಿಯರು ಮಾತ್ರ ಏಕೋ ಅವಳನ್ನೇ ಹುಡುಕಿಕೊಂಡು ಬರುವರು.

ನಿವೃತ್ತಿಗೆ ಗೋಡೆ ಗಡಿಯಾರ ಕೊಟ್ಟರು. ನಕ್ಕಳು.
ಡೀನು, ಈಗ ಬೇರೆಯವನು, ಹೆಸರನ್ನು ತಪ್ಪಾಗಿ ಉಚ್ಚರಿಸಿದ.
ಕ್ಲೆಮೆನ್ಸ್ ಬರಲಿಲ್ಲ. ಪಾರ್ಸೆಲು ಬಂದಿತ್ತು:
ಉಣ್ಣೆಯ ಕೋಟು, ಅಳತೆ ತುಸು ದೊಡ್ಡದು. ಪತ್ರವಿಲ್ಲ.

ಎಲ್ಲ ಹೋದ ಮೇಲೆ ಆ ಕೋಟು ತೆಗೆದು ಬೆಂಚಿನ ಮೇಲಿಟ್ಟು
ಗೆರೆಗೆ ಬಂದಳಂತೆ.
ತೊಂಬತ್ತೊಂದಾದಾಗ ಬಾಗಿಲಲ್ಲಿ ಜವಾನನ ನೆರಳು ಕಂಡು
"ಮನೆಯಲ್ಲಿ ಕಾಯುತ್ತಿರಬೇಕು ನಿನಗೆ, ಆರಿಸು" ಅಂದಳಂತೆ.

ಆರಿಸಿದ. ಮೆಟ್ಟಿಲಿಳಿಯುತ್ತ ಎಣಿಸಿದನಂತೆ,
ಕತ್ತಲಲ್ಲಿ ಒಂಬತ್ತು ಸಲ ಚೆಂಡಿನ ಸದ್ದು.
ಒಳಗೆ ಬಿದ್ದವೆಷ್ಟೋ.